ಹದಿನೇಳು ಸಲ ಸತ್ತವನ ಸಂಸಾರ

ಕಾದಂಬರಿ ಬರೆಯುವವರ ಮನೆಯಲ್ಲಿ ಇಂಥವು ನಡೆಯುತ್ತಲೇ ಇರುತ್ತವೆ. ಬರೆದವರು ಹಾಯಾಗಿರುತ್ತಾರೆ, ಪಕ್ಕದಲ್ಲಿದ್ದವರು ಸಿಕ್ಕಿಬೀಳುತ್ತಾರೆ. ನಾನು ಪಕ್ಕದಲ್ಲಿದ್ದವನು. ದಾವಣಗೆರೆಯ ಕೆ.ಬಿ. ಬಡಾವಣೆಯಲ್ಲಿ ನನ್ನದೊಂದು ಸ್ಟೀಲ್ ಪಾತ್ರೆ ಅಂಗಡಿ, ಸರಸ್ವತಿ ನಗರದಲ್ಲಿ ಮನೆ. ಮನೆಯಲ್ಲಿ ಒಬ್ಬಳೇ ಮಗಳು, ಮತ್ತು ಪತ್ತೇದಾರಿ ಕಾದಂಬರಿ ಬರೆಯುವ ಹೆಂಡತಿ. ಬೇರೆ ಹೆಸರಿಟ್ಟುಕೊಂಡು ಬರೆಯುತ್ತಾಳೆ, ಆದ್ದರಿಂದ ಬೀದಿಯವರಿಗೂ ಗೊತ್ತಿಲ್ಲ. ಇಲ್ಲಿಯವರೆಗೆ ನಲವತ್ತೊಂದು ಕಾದಂಬರಿ ಆಗಿವೆ. ನಲವತ್ತೊಂದರಲ್ಲೂ ಕೊಲೆ ಇದೆ. ಅದರಲ್ಲಿ ಹದಿನೇಳು ಹೆಣ ನನ್ನವು.

ಸುಮ್ಮನೆ ಹೇಳುತ್ತಿಲ್ಲ. ನಾನು ಕನ್ನಡಕವನ್ನು ಹಣೆಯ ಮೇಲೆ ಏರಿಸಿಕೊಂಡು ಮನೆಯೆಲ್ಲ ಅದನ್ನೇ ಹುಡುಕುತ್ತೇನೆ. ಕಾಫಿಯನ್ನು ಸಾಸರಿಗೆ ಸುರಿದುಕೊಂಡು ಸೊರ್ರನೆ ಕುಡಿಯುತ್ತೇನೆ. ಯಾರ ಮನೆಗೆ ಹೋದರೂ ಪಾತ್ರೆ ತಿರುಗಿಸಿ ತಳದಲ್ಲಿ ಯಾರ ಹೆಸರು ಕೊರೆಸಿದ್ದಾರೆ ಎಂದು ನೋಡುತ್ತೇನೆ, ಅದು ಅಂಗಡಿಯ ಚಾಳಿ. ನನ್ನ ಹೆಂಡತಿಯ ಕಾದಂಬರಿಯ ಮೊದಲ ಅಧ್ಯಾಯದಲ್ಲಿ ಯಾರಾದರೂ ಸಾಸರಿನಲ್ಲಿ ಕಾಫಿ ಕುಡಿದರೆ ಎರಡನೇ ಅಧ್ಯಾಯದಲ್ಲಿ ಅವನು ಇರುವುದಿಲ್ಲ.

ಒಮ್ಮೆ ತಡೆಯಲಾರದೆ ಕೇಳಿದೆ. "ಅಲ್ಲಲೇ, ಯಾಕ ಪ್ರತಿ ಸಲ ನನ್ನೇ ಕೊಲ್ತಿ?"

"ಗೊತ್ತಿಲ್ಲದೋರನ್ನ ಕೊಂದ್ರೆ ಬರಿಯೋ ನನಗೇ ಅಳು ಬರಲ್ಲ ರೀ" ಎಂದಳು.

ಪ್ರೀತಿಯನ್ನು ಹೀಗೂ ಹೇಳಬಹುದು ಎಂದು ಅಂದೇ ಗೊತ್ತಾಗಿದ್ದು. ಸಂತೋಷಪಟ್ಟುಕೊಂಡು ಅಂಗಡಿಗೆ ಹೋದೆ.

೧. ಲೋಟ ಬ್ಯಾಡ

ಅವಳ ಮೊದಲ ಕಾದಂಬರಿಯನ್ನು ಓದುಗರಿಗೆ ಮುಟ್ಟಿಸಿದವನು ನಾನು. ಮದುವೆಯಾದ ಹೊಸತರಲ್ಲಿ ಎರಡು ಉದ್ದನೆಯ ನೋಟ್‌ಬುಕ್ ತುಂಬ ಬರೆದು ಒಂದು ವಾರಪತ್ರಿಕೆಗೆ ಕಳಿಸಿದ್ದಳು. ಮೂರು ತಿಂಗಳಾದ ಮೇಲೆ "ಪ್ರಕಟಣೆಗೆ ಯೋಗ್ಯವಾಗಿಲ್ಲ" ಎಂಬ ಚೀಟಿಯೊಂದಿಗೆ ವಾಪಸು ಬಂತು. ಅತ್ತು, ಅದನ್ನು ಅಂಗಡಿಯ ಅಟ್ಟದ ಮೇಲೆ ಒಗೆದಳು.

ಆಗ ಲೋಟಗಳನ್ನು ಒಂದೊಂದಾಗಿ ಕಾಗದದಲ್ಲಿ ಸುತ್ತಿ ಕೊಡುತ್ತಿದ್ದೆವು. ಒಂದು ದಿನ ಹಳೇ ಪೇಪರು ಮುಗಿದಿತ್ತು, ಗಿರಾಕಿ ಅವಸರ ಮಾಡುತ್ತಿದ್ದರು. ಅಟ್ಟಕ್ಕೆ ಕೈ ಹಾಕಿದೆ. ಅದು ಹೆಂಡತಿಯದು ಎಂದು ನನಗೆ ಗೊತ್ತಿರಲಿಲ್ಲ ಅಂತ ಇಷ್ಟು ವರ್ಷ ಹೇಳಿಕೊಂಡು ಬಂದಿದ್ದೇನೆ. ಗೊತ್ತಿತ್ತು.

ವಾರ ಕಳೆದ ಮೇಲೆ ಹರಿಹರದ ಹೆಣ್ಣುಮಗಳೊಬ್ಬರು ಅಂಗಡಿಗೆ ಬಂದರು. ಕೈಯಲ್ಲಿ ನೀಟಾಗಿ ಒತ್ತಿ ಮಡಚಿದ ಆರು ಹಾಳೆ.

"ಮತ್ತೆ ಲೋಟ ಬೇಕಾಗಿತ್ತೇನ್ರಿ?" ಎಂದೆ.

"ಲೋಟ ಬ್ಯಾಡ್ರಿ. ಆ ಡ್ರೈವರು ಬ್ಯಾಟರಿ ಹಿಡ್ಕಂಡು ಬಾವಿ ಹತ್ರ ಹೋದ್ನಲ್ಲ, ಆಮ್ಯಾಕೆ ಏನಾತು? ಮುಂದಿನ ಹಾಳಿ ಕೊಡ್ರಿ."

"ಅದನ್ನ ಇನ್ನೊಬ್ಬರ ಲೋಟಕ್ಕೆ ಸುತ್ತಿ ಕೊಟ್ಟೆ. ಎಸ್.ಎಸ್. ಬಡಾವಣೆಯವರು."

"ಅವರ ಮನಿ ಯಾವ ಕಡೆ ಬರ್ತೈತೆ?"

ನಾನು ತಮಾಷೆ ಎಂದುಕೊಂಡೆ. ಆ ತಾಯಿ ಆಟೋ ಹತ್ತಿ ಹೋಗಿಯೇ ಬಿಟ್ಟರು. ಮಧ್ಯಾಹ್ನ ಎಸ್.ಎಸ್. ಬಡಾವಣೆಯ ಗಿರಾಕಿಯನ್ನೂ ಜೊತೆಗೆ ಕರೆದುಕೊಂಡು ಬಂದರು. ಅವರಿಗೆ ಹಿಂದಿನ ಹಾಳೆ ಬೇಕಾಗಿತ್ತು.

ಮನೆಗೆ ಹೋಗಿ ತಪ್ಪೊಪ್ಪಿಕೊಂಡೆ. ನಾಲ್ಕು ದಿನ ಹೆಂಡತಿ ನನ್ನೊಂದಿಗೆ ಮಾತಾಡಲಿಲ್ಲ. ಐದನೇ ದಿನ ಹೊಸ ನೋಟ್‌ಬುಕ್ ತಂದು ಇಡೀ ಕಾದಂಬರಿಯನ್ನು ಮತ್ತೆ ಬರೆದಳು, ಬೇರೆ ಪತ್ರಿಕೆಗೆ ಕಳಿಸಿದಳು, ಅವರು ಹಾಕಿಕೊಂಡರು. ಈಗ ಯಾರಾದರೂ ಸಂದರ್ಶನಕ್ಕೆ ಕೇಳಿದರೆ "ನನ್ನ ಬರಹವನ್ನು ಮೊದಲು ಜನರ ಕೈಗೆ ಮುಟ್ಟಿಸಿದವರು ನನ್ನ ಯಜಮಾನರು" ಎನ್ನುತ್ತಾಳೆ. ಹೇಗೆ ಮುಟ್ಟಿಸಿದರು ಎಂದು ಹೇಳುವುದಿಲ್ಲ.

೨. ಹೆಣ ಎಸೆಯುವ ತಿಂಗಳು

ಇದು ಮೂರ್ನಾಲ್ಕು ವರ್ಷದ ಹಿಂದಿನ ಮಾತು. ಒಂದು ಧಾರಾವಾಹಿಯಲ್ಲಿ ಕೊಲೆಗಾರ ಯುಗಾದಿಯ ಮರುದಿನ ಹೆಣವನ್ನು ಹರಿಹರದ ಸೇತುವೆಯಿಂದ ಹೊಳೆಗೆ ಎಸೆಯುತ್ತಾನೆ, ಅದು ತೇಲಿ ಹೋಗುತ್ತದೆ. ಹೆಣ ಯಾರದೆಂದು ಬೇರೆ ಹೇಳಬೇಕಾಗಿಲ್ಲ.

ಹರಿಹರದ ಓದುಗರೊಬ್ಬರಿಂದ ಕಾರ್ಡು ಬಂತು. "ಅಮ್ಮನವರೇ, ಯುಗಾದಿ ಹೊತ್ತಿಗೆ ನಮ್ಮ ಹೊಳೆಯಲ್ಲಿ ನೀರು ಮೊಣಕಾಲುದ್ದ. ನೀವು ಎಸೆದ ಹೆಣ ಬಂಡೆಯ ಮೇಲೆ ಬಿದ್ದು ಅಲ್ಲೇ ಕೂತಿರುತ್ತದೆ. ಇಷ್ಟು ತಿಳಿಯದವರು ಕೊಲೆ ಮಾಡಿಸಬಾರದು."

ನನ್ನ ಹೆಂಡತಿಗೆ ಅನ್ನ ಸೇರಲಿಲ್ಲ. ಹೋಗಿ ನೋಡಿಯೇ ಬರಬೇಕು ಎಂದಳು. ಭಾನುವಾರ ಬೆಳಿಗ್ಗೆ ಅಕ್ಕಿ ಗಿರಣಿಯಿಂದ ಭತ್ತದ ಹೊಟ್ಟು ತರಿಸಿ, ಹಳೇ ಬೆಡ್‌ಶೀಟಿನಲ್ಲಿ ತುಂಬಿ, ನನ್ನನ್ನು ಪಕ್ಕಕ್ಕೆ ಮಲಗಿಸಿ ಅಳತೆ ನೋಡಿ, ಮೂರು ಕಡೆ ಹಗ್ಗ ಬಿಗಿದಳು. ಕಾರಿನ ಹಿಂದಿನ ಸೀಟಿನಲ್ಲಿ ಅದನ್ನು ಮಲಗಿಸಿಕೊಂಡು ಹರಿಹರಕ್ಕೆ ಹೋದೆವು.

ಸೇತುವೆಯ ಮೇಲೆ ಅವಳು ಗಡಿಯಾರ ನೋಡುತ್ತ ನಿಂತಳು. ಒಬ್ಬನೇ ಮನುಷ್ಯ ಅಷ್ಟು ಭಾರ ಎತ್ತಿ ಎಸೆಯಲು ಎಷ್ಟು ಹೊತ್ತು ಬೇಕು ಎಂಬುದೂ ಅವಳಿಗೆ ಬೇಕಾಗಿತ್ತು. ನಾನು ಏದುಸಿರು ಬಿಡುತ್ತ ಗಂಟನ್ನು ತಡೆಗೋಡೆಯ ಮೇಲೆ ಏರಿಸುವುದಕ್ಕೂ ಕಾನ್‌ಸ್ಟೇಬಲ್ ಒಬ್ಬರು ಬೈಕು ನಿಲ್ಲಿಸುವುದಕ್ಕೂ ಸರಿಹೋಯಿತು.

"ಏನ್ರಿ ಅದು?"

ಗಾಬರಿಯಲ್ಲಿ ನನ್ನ ಬಾಯಿಂದ ಬಂದದ್ದು, "ಹೆಣ."

ಆಮೇಲೆ ತಿದ್ದಿಕೊಂಡೆ. "ಹೆಣ ಅಲ್ರಿ. ಹೆಣ ಅಂತ ಇಟ್ಕಂಡೀವಿ, ಅಷ್ಟೇ."

ಅವರು ಒಂದು ಹಗ್ಗ ಬಿಚ್ಚಿದರು. ಗಾಳಿಗೆ ಹೊಟ್ಟು ಹಾರಿ ಅವರ ಮೀಸೆಯ ತುಂಬ ಕೂತಿತು. ನನ್ನ ಹೆಂಡತಿ ಮುಂದೆ ಬಂದು ಕಾದಂಬರಿಯ ವಿಷಯವನ್ನೆಲ್ಲ ಹೇಳಿದಳು. ಅವರ ಮುಖ ಅರಳಿತು. "ಅದು ನೀವಾ ಬರಿಯೋದು? ನಮ್ಮ ಮನಿಯಾಕಿ ಅದನ್ನ ಓದಾಕೆ ಕುಂತ್ರೆ ನನಗೆ ಊಟ ಇಲ್ರಿ" ಎಂದರು. ಆಮೇಲೆ ಮೂವರೂ ಬಗ್ಗಿ ಕೆಳಗೆ ನೋಡಿದೆವು. ಹೊಳೆಯ ನಡುವೆ ಒಂದು ಎಮ್ಮೆ ನಿಂತಿತ್ತು. ಅದರ ಹೊಟ್ಟೆಯೂ ನೆನೆದಿರಲಿಲ್ಲ.

ಕಾನ್‌ಸ್ಟೇಬಲ್ ಮೀಸೆ ಒರೆಸಿಕೊಂಡು ಹೇಳಿದರು. "ಮೇಡಂ, ಹೊಳಿಗೆ ಏನೂ ಎಸಿಯಂಗಿಲ್ಲ, ಅದು ರೂಲ್ಸು. ಕಾದಂಬರ್ಯಾಗೆ ಎಸಿಯದಾದ್ರೆ ಆಗಸ್ಟ್‌ನಾಗೆ ಎಸೀರಿ. ನೀರೂ ಇರ್ತೈತೆ, ನಾವೂ ಬಂದೋಬಸ್ತ್ ಅಂತ ಬ್ಯಾರೆ ಕಡೆ ಇರ್ತೀವಿ."

೩. ವಾಸನೆ ಬರಬಾರದು

ಈ ವರ್ಷ ಶುರುವಾದ ಹೊಸ ಧಾರಾವಾಹಿಯಲ್ಲಿ ಅಕ್ಕಿ ಗಿರಣಿಯ ಮಾಲೀಕನೊಬ್ಬ ತನ್ನ ಹೊಸ ಮನೆಯ ಗೃಹಪ್ರವೇಶದ ದಿನ ಪಾಯಸ ಕುಡಿದು ಸಾಯುತ್ತಾನೆ. ಅವನು ಕಾಫಿಯನ್ನು ಕಪ್ಪಿನಲ್ಲೇ ಕುಡಿಯುತ್ತಿದ್ದ. ಈ ಸಲ ಬದುಕಿದೆ ಎಂದುಕೊಂಡೆ.

ಪಾಯಸಕ್ಕೆ ಏನು ಹಾಕಬೇಕು ಎಂಬ ಪ್ರಶ್ನೆ ಬಂತು. ಮೊಬೈಲಿನಲ್ಲಿ ನೋಡು ಎಂದರೆ ಕೇಳಲಿಲ್ಲ. "ಮೊಬೈಲ್‌ನಾಗೆ ಕೇಳಿದ್ರೆ ಉತ್ತರ ಸಿಗ್ತೈತೆ, ಅಂಗಡ್ಯಾಗೆ ಕೇಳಿದ್ರೆ ಮನುಷ್ಯ ಸಿಗ್ತಾನೆ" ಎಂದು ಹೇಳಿ, ನಮ್ಮ ಅಂಗಡಿಯ ಬಟ್ಟೆ ಚೀಲ ಹಿಡಿದು ಹೊರಟಳು. ಗೊಬ್ಬರ, ಕ್ರಿಮಿನಾಶಕ ಮಾರುವ ಅಂಗಡಿಯೊಂದರಲ್ಲಿ ನಿಂತು ಮಾಲೀಕರನ್ನು ಕೇಳಿದಳಂತೆ. "ಪಾಯಸಕ್ಕೆ ಹಾಕಿದ್ರೆ ವಾಸನೆ ಬರಬಾರದು, ಬಣ್ಣ ಕೆಡಬಾರದು. ಅಂಥದ್ದು ಯಾವುದೈತ್ರಿ?"

ಆತ ಕೈಯಲ್ಲಿದ್ದ ಬಿಲ್ ಪುಸ್ತಕ ಕೆಳಗಿಟ್ಟು, "ಯಾರಿಗ್ರಿ?" ಎಂದರಂತೆ.

ಇವಳು ಕಥೆಯಲ್ಲಿ ಮುಳುಗಿದ್ದಳು. "ಒಬ್ಬರೇ ರೀ. ವಯಸ್ಸು ಐವತ್ತೆಂಟು. ಸ್ವಲ್ಪ ದಪ್ಪ ಅದಾರೆ. ಸಿಹಿ ಅಂದ್ರೆ ಪ್ರಾಣ."

"ಸ್ಟಾಕ್ ಇಲ್ರಿ" ಎಂದು ಆತ ಒಳಗೆ ಹೋದರಂತೆ. ಹೋಗುವಾಗ ಚೀಲದ ಮೇಲೆ ಅಚ್ಚಾಗಿದ್ದ ನಮ್ಮ ಅಂಗಡಿಯ ನಂಬರನ್ನು ನೋಡಿಕೊಂಡಿದ್ದಾರೆ.

ಹನ್ನೆರಡೂವರೆಗೆ ನನಗೆ ಫೋನು ಬಂತು. "ಅಣ್ಣಾರೆ, ನಾನು ಯಾರು ಅಂತ ಕೇಳಬ್ಯಾಡ್ರಿ. ಒಟ್ಟಿನ ಮ್ಯಾಲೆ, ನಿಮಗೆ ಎಷ್ಟು ವಯಸ್ಸು?"

"ಐವತ್ತೆಂಟು."

"ದಪ್ಪ ಅದೀರಾ?"

"ಸ್ವಲ್ಪ."

"ಸಿಹಿ?"

"ಪ್ರಾಣ ರೀ. ಯಾಕ?"

ಆ ಕಡೆ ಒಂದು ದೊಡ್ಡ ನಿಟ್ಟುಸಿರು. "ಒಟ್ಟಿನ ಮ್ಯಾಲೆ, ಇವತ್ತು ಮನ್ಯಾಗೆ ಪಾಯಸ ಕೊಟ್ರೆ ಕುಡಿಬ್ಯಾಡ್ರಿ." ಫೋನು ಕಟ್ಟಾಯಿತು.

ಊಟಕ್ಕೆ ಮನೆಗೆ ಹೋದೆ. ಹಬ್ಬವಲ್ಲ, ಹುಣ್ಣಿಮೆಯಲ್ಲ, ತಟ್ಟೆಯ ಪಕ್ಕದಲ್ಲಿ ಲೋಟದ ತುಂಬ ಪಾಯಸ. ಹೆಂಡತಿ ಎದುರಿಗೆ ಕೂತು ನನ್ನನ್ನೇ ನೋಡುತ್ತ, "ಕುಡೀರಿ, ಏನಾರ ವಾಸನೆ ಬರ್ತೈತಾ ಹೇಳ್ರಿ" ಎಂದಳು.

ಮದುವೆಯಾದ ಇಷ್ಟು ವರ್ಷದಲ್ಲಿ ಮೊದಲ ಸಲ ನಾನು ಅವಳಿಗೆ, "ನೀನು ಮೊದಲು ಕುಡಿ" ಎಂದೆ.

ವಿಷಯ ತಿಳಿದು ಅವಳು ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ನಾಚಿಕೆಗೆ ನಾನು ಮೂರು ಲೋಟ ಕುಡಿದೆ. ಎರಡು ವಾರ ಕಳೆದು ಧಾರಾವಾಹಿ ನೋಡಿದರೆ, ಮಾತಿಗೊಮ್ಮೆ "ಒಟ್ಟಿನ ಮ್ಯಾಲೆ" ಎನ್ನುವ ಕ್ರಿಮಿನಾಶಕದ ಅಂಗಡಿಯವನೊಬ್ಬ ಬಂದಿದ್ದಾನೆ, ಎಲ್ಲರ ಸಂಶಯವೂ ಅವನ ಮೇಲೆ.

"ಪಾಪ, ನಿನ್ನ ಗಂಡನ ಜೀವ ಉಳಿಸಾಕೆ ಫೋನ್ ಮಾಡಿದ ಪುಣ್ಯಾತ್ಮ. ಅವನ ಮ್ಯಾಲೆ ಯಾಕಲೇ ಸಂಶಯ?" ಎಂದೆ.

"ಒಳ್ಳೆಯವರ ಮ್ಯಾಲೆ ಸಂಶಯ ಬಂದ್ರೇನೇ ಜನ ಮುಂದಿನ ವಾರ ಓದೋದು" ಎಂದಳು.

೪. ಕೊಲೆ ಮಾತು ಬ್ಯಾಡ

ಅಷ್ಟರಲ್ಲಿ ಮಗಳು ಒಂದು ವಿಷಯ ಹೇಳಿದಳು. ಅವಳು ಶಾಲೆಯಲ್ಲಿ ಗಣಿತದ ಟೀಚರು. ಶಾಲೆಗೆ ನುಗ್ಗಿದ ಗಾಯಗೊಂಡ ಕೋತಿಗೆ ಔಷಧ ಹಾಕಲು ಹರಿಹರದ ಪಶುವೈದ್ಯ ಹುಡುಗನೊಬ್ಬ ಬಂದಿದ್ದನಂತೆ. ಕೋತಿ ವಾಸಿಯಾಗಿ ಹೋಯಿತು, ಇವನು ಬರುತ್ತಲೇ ಇದ್ದಾನೆ. ಇಬ್ಬರಿಗೂ ಒಪ್ಪಿಗೆ. ಹುಡುಗನ ಮನೆಯವರು ಭಾನುವಾರ ಬರುತ್ತಾರೆ. ಇಷ್ಟು ಹೇಳಿ ಅವಳು ತಾಯಿಯ ಕೈ ಹಿಡಿದುಕೊಂಡಳು.

"ಅಮ್ಮಾ, ಅವತ್ತೊಂದು ದಿನ ಮನ್ಯಾಗೆ ಕೊಲೆ ಮಾತು ಬ್ಯಾಡ."

ಮಗಳು ಹುಟ್ಟಿದಾಗಿನಿಂದ ನಮ್ಮನ್ನು ಏನನ್ನೂ ಹೀಗೆ ಕೇಳಿರಲಿಲ್ಲ. ಈ ಸಂಬಂಧ ಕೂಡಿ ಬರದಿದ್ದರೆ ಅವಳು ಬಾಯಿಬಿಟ್ಟು ಅಳುವವಳೂ ಅಲ್ಲ, ಅದೇ ನನಗೆ ಭಯ. ಭಾನುವಾರ ಬೆಳಿಗ್ಗೆ ಕೈಕಾಲು ಆಡದೆ ಅಡುಗೆಮನೆಯಲ್ಲಿ ಸುಳಿದಾಡುತ್ತಿದ್ದಾಗ ಅಕ್ಕಿ ಡಬ್ಬಿ ಕಣ್ಣಿಗೆ ಬಿತ್ತು. ಧಾರಾವಾಹಿಯ ಕೊನೆಯ ಅಧ್ಯಾಯ ಬರೆದ ನೋಟ್‌ಬುಕ್ಕನ್ನು ನನ್ನ ಹೆಂಡತಿ ಯಾರಿಗೂ ಸಿಗದಂತೆ ಅದರೊಳಗೆ ಹೂತಿಡುತ್ತಾಳೆ. ಪುಟಗಳ ಫೋಟೋ ತೆಗೆದು ಪತ್ರಿಕೆಗೆ ಕಳಿಸಿ ಆಗಿತ್ತು. ಇಪ್ಪತ್ತೈದು ವರ್ಷದಲ್ಲಿ ಮಾಡದ ಕೆಲಸ ಅಂದು ಮಾಡಿದೆ, ಕೈ ಹಾಕಿ ತೆಗೆದು ಕೊನೆಯ ಪುಟ ಓದಿದೆ. ಕೊಲೆಗಾರ ಸ್ಟೀಲ್ ಪಾತ್ರೆಯ ವ್ಯಾಪಾರಿ, ಹಣೆಯ ಮೇಲೆ ಕನ್ನಡಕ. ಹದಿನೇಳು ಸಲ ಸತ್ತ ಮೇಲೆ ನನಗೆ ಪ್ರಮೋಷನ್ ಸಿಕ್ಕಿತ್ತು.

ಹರಿಹರದಿಂದ ಐದು ಜನ ಬಂದರು. ಹುಡುಗ, ಅವನ ತಂದೆ ತಾಯಿ, ಅಜ್ಜಿ, ಮತ್ತು ಸಂಖ್ಯೆ ಬೆಸ ಇರಲಿ ಎಂದು ಕರೆತಂದ ಒಬ್ಬ ದೊಡ್ಡಪ್ಪ. ಬಾಗಿಲು ದಾಟಿದ ಹುಡುಗನ ತಂದೆ ನನ್ನ ಹೆಂಡತಿಯನ್ನು ನೋಡಿದವರೇ ಚೌಕಟ್ಟು ಹಿಡಿದುಕೊಂಡು ನಿಂತರು. ಆಮೇಲೆ ನನ್ನ ಕಡೆ ತಿರುಗಿದರು. ಐವತ್ತೆಂಟು, ಸ್ವಲ್ಪ ದಪ್ಪ.

"ಒಟ್ಟಿನ ಮ್ಯಾಲೆ... ಆರಾಮ ಅದೀರಾ?" ಎಂದರು.

ಆ ದನಿ ನನಗೆ ಗೊತ್ತಿತ್ತು. ನನ್ನ ಹೆಂಡತಿ ಸೆರಗು ಸರಿಮಾಡಿಕೊಂಡು ನೆಲ ನೋಡಿದಳು. ಅಷ್ಟರಲ್ಲಿ ಮಗಳು ಉಪ್ಪಿಟ್ಟು, ಗಸಗಸೆ ಪಾಯಸ ಹಿಡಿದು ಬಂದಳು.

"ಪಾಯಸ ಬ್ಯಾಡ್ರಿ, ನನಗೆ ಶುಗರ್ ಐತೆ" ಎಂದರು ಹುಡುಗನ ತಂದೆ.

"ಯಾವಾಗಿಂದ?" ಎಂದರು ಅವರ ಹೆಂಡತಿ.

"ಈಗಿಂದ."

ಇನ್ನು ಮುಚ್ಚಿಟ್ಟು ಉಪಯೋಗವಿಲ್ಲ ಎಂದು ನಾನು ಎಲ್ಲವನ್ನೂ ಬಿಚ್ಚಿ ಹೇಳಿದೆ. ಇವಳು ಕಾದಂಬರಿ ಬರೆಯುತ್ತಾಳೆ, ವಿಷ ಕೇಳಿದ್ದು ಕಥೆಗೆ. ಹುಡುಗನ ತಂದೆ ಉಸಿರು ಬಿಟ್ಟರು. ಆದರೆ ಅಜ್ಜಿ ಕನ್ನಡಕ ಹಾಕಿಕೊಂಡು ಮುಂದಕ್ಕೆ ಸರಿದು ಕೂತರು.

"ಹಂಗಾದ್ರೆ ಗುರುವಾರದ ಧಾರಾವಾಹಿ ಬರಿಯಾಕಿ ನೀನಾ ತಂಗಿ? 'ಒಟ್ಟಿನ ಮ್ಯಾಲೆ' ಅಂತಾನಲ್ಲ, ಅವನು ನನ್ನ ಮಗನೇ ಅಂತ ಓದಿದ ದಿನಾನೇ ಗೊತ್ತಾತು."

"ನಾನಾ?" ಎಂದರು ಹುಡುಗನ ತಂದೆ. ಅವರ ಮುಖ ಕೆಂಪಾಯಿತು. "ಅದಕ್ಕೇ ಅಂಗಡಿಗೆ ಬಂದೋರೆಲ್ಲ ಪಾಯಸ ಪಾಯಸ ಅಂತ ನಗ್ತಿದ್ರಾ? ಊರ ಮುಂದೆ ನನ್ನ ಕೊಲೆಗಾರ ಮಾಡೋ ಮನಿ ಜೊತೆ ಹೆಂಗೆ ಬೀಗತನ ಮಾಡ್ಲಿ?"

ಮಗಳು ತಟ್ಟೆ ಹಿಡಿದು ನಿಂತಲ್ಲೇ ನಿಂತಿದ್ದಳು.

ಅಜ್ಜಿ ಮಗನಿಗೆ, "ಸುಮ್ಕಿರಲೇ. ನೀನು ಕೊಲೆ ಮಾಡಿರಾಕೆ ಸಾಧ್ಯ ಇಲ್ಲ, ಅಷ್ಟು ತಲಿ ನಿನಗಿಲ್ಲ" ಎಂದರು. ಆಮೇಲೆ ನನ್ನ ಹೆಂಡತಿಯ ಕಡೆ ತಿರುಗಿ, "ಆದ್ರೂ ನೀನೇ ಬಾಯಿಬಿಟ್ಟು ಹೇಳವ್ವ. ಮಾಡಿದ್ದು ಇವನಲ್ಲ, ಇಂಥೋರು ಅಂತ ಹೇಳು. ಬರೋ ಭಾನುವಾರಾನೇ ಎಲೆ ಅಡಿಕೆ ಹಿಡಿಯಣ."

ನನ್ನ ಹೆಂಡತಿ ಕೈ ಮುಗಿದಳು. "ಅಮ್ಮಾರೆ, ಅಚ್ಚಾಗೋಕಿಂತ ಮೊದಲು ಕಟ್ಕಂಡ ಗಂಡಗೂ ಹೇಳಿದೋಳಲ್ಲ. ಅದೊಂದು ಕೇಳಬ್ಯಾಡ್ರಿ."

ಮಗಳು ನನ್ನನ್ನು ನೋಡಿದಳು. ಹೆಂಡತಿಯ ವ್ರತ ದೊಡ್ಡದೋ ಮಗಳ ಮದುವೆ ದೊಡ್ಡದೋ ಎಂದು ಯೋಚಿಸುವಷ್ಟು ವ್ಯವಧಾನ ನನಗಿರಲಿಲ್ಲ. ಎದ್ದು ಹಾಲಿನ ನಡುವೆ ನಿಂತು ಹೇಳಿಬಿಟ್ಟೆ.

"ಕೊಲೆ ಮಾಡಿದ್ದು ನಾನು."

ಉಪ್ಪಿಟ್ಟು ತಿಂದು ತೂಕಡಿಸುತ್ತಿದ್ದ ದೊಡ್ಡಪ್ಪ ಸರಿಯಾಗಿ ಆ ಮಾತಿಗೇ ಎಚ್ಚರಾದರು. ಎದ್ದು ಚಪ್ಪಲಿ ಹುಡುಕತೊಡಗಿದರು. ಅವರನ್ನು ಕೂರಿಸಿ, ಅಕ್ಕಿ ಡಬ್ಬಿಯಲ್ಲಿ ಓದಿದ್ದನ್ನು ಎಲ್ಲರಿಗೂ ವಿವರಿಸುವಷ್ಟರಲ್ಲಿ ನಾನು ಬೆವತುಹೋಗಿದ್ದೆ. ಹುಡುಗನ ತಂದೆ "ಅಣ್ಣಾರೆ" ಎಂದು ಬಂದು ತಬ್ಬಿಕೊಂಡರು. ಆ ಖುಷಿಯಲ್ಲಿ ಶುಗರ್ ಮರೆತು ಎರಡು ಲೋಟ ಪಾಯಸ ಕುಡಿದರು. ನನ್ನ ಹೆಂಡತಿ ಮಾತ್ರ ನನ್ನ ಕಡೆ ನೋಡಲಿಲ್ಲ.

ಹೊರಡುವಾಗ ಅಜ್ಜಿ ನಮ್ಮ ಮಗಳ ಕೈಗೆ ಒಂದು ಹಳೇ ಹಿತ್ತಾಳೆ ಡಬ್ಬಿ ಕೊಟ್ಟರು, ಒಳಗೆ ಶೇಂಗಾ ಉಂಡೆ. ನನ್ನ ಚಾಳಿ ಬಿಡುತ್ತದೆಯೇ? ತಿರುಗಿಸಿ ತಳ ನೋಡಿದೆ. ಚುಕ್ಕಿ ಚುಕ್ಕಿಯಾಗಿ ಕೊರೆದ ಅಕ್ಷರ, ತುಂಗವ್ವ.

"ಯಾರ್ರಿ ತುಂಗವ್ವ ಅಂದ್ರೆ?"

ಹುಡುಗನ ತಂದೆ ತಾಯಿ ಮುಖ ಮುಖ ನೋಡಿಕೊಂಡರು. ಯಾರಿಗೂ ಗೊತ್ತಿಲ್ಲ.

"ನಾನೇ" ಎಂದರು ಅಜ್ಜಿ. "ತವರಿನಾಗೆ ಇಟ್ಟ ಹೆಸರು. ಮದುವ್ಯಾಗೆ ಹೆಸರು ಬದಲು ಮಾಡಿದ್ರು. ಅರವತ್ತು ವರ್ಷ ಆತು, ಯಾರೂ ಹಂಗೆ ಕರದಿಲ್ಲ."

ನಾನು ಡಬ್ಬಿಯನ್ನು ಮಗಳ ಕೈಗೆ ವಾಪಸು ಕೊಟ್ಟೆ. ಅಜ್ಜಿಯೇ ಮಾತು ತಿರುಗಿಸಿದರು. "ನಿನ್ನ ಕಾದಂಬರ್ಯಾಗೂ ಅಷ್ಟೇ ತಂಗಿ, ಮುದುಕೇರು ಮೂಲ್ಯಾಗೆ ಕುಂತು ಬರೇ ಕೆಮ್ತಾರೆ. ನಮಗೂ ಒಂದು ಕೆಲಸ ಕೊಡವ್ವ."

ನನ್ನ ಹೆಂಡತಿ ತಟ್ಟನೆ ಒಳಗೆ ಹೋದಳು. ಆ ನಡಿಗೆ ನನಗೆ ಗೊತ್ತು. ನನ್ನ ಹದಿನೇಳು ಸಾವಿಗೂ ಮುಂಚೆ ಅವಳು ಹಾಗೇ ನಡೆದು ಹೋಗಿದ್ದಳು.

೫. ತುಂಗವ್ವ

"ಗುಟ್ಟು ಬಿಟ್ಟುಕೊಟ್ರಿ. ಕೊನೆ ಗೊತ್ತಾದ ಕಥೆ ಹಳಸಿದ ಅನ್ನ" ಎಂದಷ್ಟೇ ಹೇಳಿ ಅವಳು ಸಂಪಾದಕರಿಗೆ ಫೋನು ಮಾಡಿದಳು. ಅವರನ್ನು ಕಾಡಿ ಬೇಡಿ, ಒಂದೇ ದಿನದಲ್ಲಿ ಕೊನೆಯ ಅಧ್ಯಾಯವನ್ನು ಹೊಸದಾಗಿ ಬರೆದು ಕಳಿಸಿದಳು. ಈ ಸಲ ಅಕ್ಕಿ ಡಬ್ಬಿಯಲ್ಲಿ ಬರೀ ಅಕ್ಕಿ ಇತ್ತು.

ಗುರುವಾರ ಪತ್ರಿಕೆ ಬಂತು. ಭಾನುವಾರ ಹರಿಹರದಲ್ಲಿ ನಿಶ್ಚಿತಾರ್ಥ. ಅಂಗಡಿಯ ಗಲ್ಲಾ ಮುಂದೆ ನಿಂತೇ ಓದಿದೆ. ಪಾಯಸ ತಂದ ಪಾತ್ರೆಯ ತಳದಲ್ಲಿ ಒಂದು ಹೆಸರು ಕೊರೆದಿದೆ. ಮನೆಯಲ್ಲಿ ಯಾರಿಗೂ ಆ ಹೆಸರಿನವರು ಗೊತ್ತಿಲ್ಲ. ಪತ್ತೇದಾರ ಎಲ್ಲರನ್ನೂ ಕೇಳಿ ಮುಗಿಸಿ, ಯಾರೂ ಏನೂ ಕೇಳದೆ ಬಿಟ್ಟಿದ್ದ ಮೂಲೆಯ ಅಜ್ಜಿಯ ಮುಂದೆ ಹೋಗಿ ಕೂರುತ್ತಾನೆ. ಎಂಟು ವಾರದಿಂದ ಎಲ್ಲರೂ ಕೆಮ್ಮು ಎಂದುಕೊಂಡದ್ದು ಆಕೆಯ ನಗು. ಪಾತ್ರೆಯ ಮೇಲಿನ ಹೆಸರು, ತುಂಗವ್ವ.

ಮಗನನ್ನು ಬಿಡಿಸಿ ತಾಯಿಯನ್ನು, ಅದೂ ಹೆಸರು ಹಿಡಿದು, ಸಿಕ್ಕಿಸಿಬಿಟ್ಟಿದ್ದಳು. ಮನೆಗೆ ಫೋನು ಮಾಡಿ, "ಮಗಳ ಮದುವೆ ಮುರಿದೆಯಲ್ಲೇ" ಎಂದೆ.

"ನನಗೂ ಈಗ ಭಯ ಆಗ್ತೈತೆ ರೀ. ಬರಿಯೋವಾಗ ಬಾಳ ಚಂದ ಅನಿಸ್ತು."

ಹನ್ನೊಂದು ಗಂಟೆಗೆ ಹರಿಹರದಿಂದ ಬೀಗರ ಫೋನು. "ಅಣ್ಣಾರೆ, ಒಟ್ಟಿನ ಮ್ಯಾಲೆ... ಅಮ್ಮ ಓದಿದ್ಲು."

"ಹೂಂ ರೀ."

"ಬೆಳಿಗ್ಗೆಯಿಂದ ಮನ್ಯಾಗಿಲ್ಲ. ಬಸ್‌ಸ್ಟ್ಯಾಂಡಿನಾಗೆ ಇದ್ದ ಪತ್ರಿಕೆ ಅಷ್ಟೂ ತಗಂಡು ಮನಿ ಮನಿಗೆ ಹಂಚಾಕೆ ಹೋಗ್ಯಾಳೆ, 'ಇದು ನಾನೇ' ಅಂತ. ಈಗ ಅಮ್ಮಾ ಅಂದ್ರೆ ತಿರುಗಿ ನೋಡಲ್ಲ ರೀ, ತುಂಗವ್ವ ಅಂದ್ರೆ ಮಾತ್ರ."

ನಾನು ಗಲ್ಲಾ ಪಕ್ಕದ ಸ್ಟೂಲಿನ ಮೇಲೆ ಕೂತುಬಿಟ್ಟೆ. ನಗು ಬಂತೋ ಅಳು ಬಂತೋ, ಎರಡೂ ಬಂದವು.

ಭಾನುವಾರ ಹರಿಹರದಲ್ಲಿ ಎಲೆ ಅಡಿಕೆ ಶಾಸ್ತ್ರ ಮುಗಿದು ಎಲ್ಲರೂ ಊಟಕ್ಕೆ ಕೂತೆವು. ನಲವತ್ತು ಎಲೆ. ಅಜ್ಜಿ ತಾವೇ ಕೈಯಾರೆ ಪಾಯಸ ಮಾಡಿದ್ದರು, ಬಡಿಸುವವರನ್ನು ಪಕ್ಕಕ್ಕೆ ಸರಿಸಿ ತಾವೇ ಪಾತ್ರೆ ಹಿಡಿದು ಬಂದರು. ಸಾಲಿನಲ್ಲಿದ್ದ ಎಲ್ಲರೂ ಗುರುವಾರ ಓದಿದವರು. ಒಬ್ಬೊಬ್ಬರೇ ಲೋಟದ ಮೇಲೆ ಕೈ ಅಡ್ಡ ಇಟ್ಟರು. "ಸಾಕ್ರಿ." "ಹೊಟ್ಟಿ ತುಂಬೈತೆ." ದೊಡ್ಡಪ್ಪ ಲೋಟವನ್ನೇ ಬೋರಲು ಹಾಕಿದರು. ಬೀಗರಿಗೆ ಮತ್ತೆ ಶುಗರ್ ಬಂದಿತ್ತು.

ಅಜ್ಜಿ ನನ್ನ ಮುಂದೆ ನಿಂತರು. "ಬೀಗರೇ, ನೀವೂ ಬ್ಯಾಡ ಅಂತೀರೇನು?" ಎಂದು ಕೇಳಿ, ಸೆರಗು ಬಾಯಿಗೆ ಅಡ್ಡ ಹಿಡಿದು ಸಣ್ಣಗೆ ಕೆಮ್ಮಿದರು.

ಎದುರು ಸಾಲಿನಲ್ಲಿ ನನ್ನ ಹೆಂಡತಿ ಊಟ ನಿಲ್ಲಿಸಿ, ನಾನು ಹೇಗೆ ಕುಡಿಯುತ್ತೇನೆಂದು ಕಣ್ಣು ಮಿಟುಕಿಸದೆ ನೋಡುತ್ತಿದ್ದಳು. ನಾನು ಕನ್ನಡಕ ಹಣೆಗೇರಿಸಿ ಲೋಟ ಮುಂದೆ ಹಿಡಿದೆ.

"ಹಾಕ್ರಿ ತುಂಗವ್ವಾರೆ. ಹದಿನೇಳು ಸಲ ಬಾಯಿಗೆ ಏನೂ ಇಲ್ಲದಂಗೆ ಸತ್ತೀನಿ. ಹದಿನೆಂಟನೇದಾದ್ರೂ ಸಿಹಿ ಆಗ್ಲಿ."